ಬೂದಿಯಾದ ಮೇಲೆ ಬರುವ ಕ್ಯಾಮರಾ

ಇಟಗಿಯ ಮಹಾದೇವ ದೇವಾಲಯ ಕಟ್ಟಿಸಿದವ ಆರನೇ ವಿಕ್ರಮಾದಿತ್ಯನ ದಂಡನಾಯಕ ಮಹಾದೇವ, 1112ರಲ್ಲಿ. ಕಲ್ಲಿನ ಮೇಲೆ ಬರೆಸಿಟ್ಟ, ಹೆಸರು ಉಳಿಯಿತು. ಆ ಕಲ್ಲು ಹೊತ್ತವರ ಹೆಸರು ಹೇಳ್ರಿ ನೋಡೋಣ! ದಾಖಲೆ ಅನ್ನೋದು ಉಳ್ಳವರ ಆಸ್ತಿಯಾಗಿ ಬಹಳ ಕಾಲವಾಯಿತು. ಈಗ ಕಲ್ಲಿನ ಜಾಗಕ್ಕೆ ವಿಡಿಯೋ ಬಂದೈತಿ, ಅಷ್ಟ.

ಕೊಲೆ-ಸುಲಿಗೆಯ ಸಾಕ್ಷ್ಯಚಿತ್ರಗಳನ್ನು ನಮ್ಮ ಹಾಸ್ಟೆಲ್ ಹುಡುಗರೂ ಮೊಬೈಲಿನಲ್ಲಿ ನೋಡುತ್ತಾರೆ. ಅವುಗಳ ಬಲವೆಲ್ಲ ಹಳೆಯ ಚಿತ್ರತುಣುಕುಗಳಲ್ಲಿದೆ. ಬಾಯಿ ಸುಳ್ಳಾಡೀತು, ತುಣುಕು ಆಡದು ಎಂದು ನೋಡುವವರ ನಂಬಿಕೆ. ಮೈಸೂರಿನ ದಿವಾನರಾಗಿದ್ದ ಮಿರ್ಜಾ ಇಸ್ಮಾಯಿಲರ ಮೊಮ್ಮಗಳು ಶಕೆರೆ ಬೆಂಗಳೂರಿನಲ್ಲಿ ಕೊಲೆಯಾದದ್ದು 1991ರಲ್ಲಿ. 1994ರಲ್ಲಿ ಆಕೆಯ ಮನೆಯಂಗಳ ಅಗೆದು ಹೆಣ ತೆಗೆದಾಗ ಪೊಲೀಸರು ವಿಡಿಯೋ ಮಾಡಿದರು. ಅದು ಕೋರ್ಟಿನಲ್ಲಿ ಸಾಕ್ಷ್ಯವಾಯಿತು. 2023ರಲ್ಲಿ ಆ ಕೊಲೆಯ ಮೇಲೆ 'ಡ್ಯಾನ್ಸಿಂಗ್ ಆನ್ ದ ಗ್ರೇವ್' ಎಂಬ ಸರಣಿಯೂ ಬಂತು. ಆ ಹೆಣ್ಣುಮಗಳಿಗೆ ನ್ಯಾಯ ಸಿಗಲೇಬೇಕಿತ್ತು, ಅದರಲ್ಲಿ ನಮ್ಮ ತಕರಾರಿಲ್ಲ.

ಈಗ ನಮ್ಮದೇ ಜಿಲ್ಲೆಯ ಮರಕುಂಬಿಗೆ ಬನ್ನಿ. 2014ರ ಆಗಸ್ಟ್ 28. ಗಂಗಾವತಿಯ ಟಾಕೀಜಿನಲ್ಲಿ ಎದ್ದ ಜಗಳ ನೆಪವಾಯಿತು. ಒಳಗೆ ಹೊಗೆಯಾಡುತ್ತಿದ್ದದ್ದು ಕ್ಷೌರದಂಗಡಿ, ಹೋಟೆಲುಗಳ ಅಸ್ಪೃಶ್ಯತೆ. ದಲಿತರ ಗುಡಿಸಲುಗಳಿಗೆ ಬೆಂಕಿ ಬಿತ್ತು. ಹತ್ತು ವರ್ಷಗಳ ನಂತರ, 2024ರ ಅಕ್ಟೋಬರ್ 24ರಂದು, ಕೊಪ್ಪಳದ ನ್ಯಾಯಾಲಯ 98 ಜನಕ್ಕೆ ಜೀವಾವಧಿ ಶಿಕ್ಷೆ ಕೊಟ್ಟಿತು. ಮರುತಿಂಗಳೇ ಅವರಲ್ಲಿ ಬಹುಪಾಲು ಜನಕ್ಕೆ ಹೈಕೋರ್ಟಿನಿಂದ ಜಾಮೀನು!

ಕೇರಿಗೆ ಬೆಂಕಿ ಹಚ್ಚುವ ಹೊತ್ತಿನಲ್ಲಿ ಯಾವ ಕ್ಯಾಮರಾ ಇರುತ್ತದೆ? ಅದು ಬೂದಿಯಾದ ಮೇಲೆ ಬರುತ್ತದೆ, ಮಂತ್ರಿಯ ಕಾರಿನ ಹಿಂದೆ. ಮುಂದೆ ಚಿತ್ರ ಮಾಡುವವರ ಕೈಗೆ ಸಿಗುವುದು ಅಳುವ ನಮ್ಮ ಹೆಂಗಸರು ಮಾತ್ರ. ಹಚ್ಚಿದವನ ಮುಖ ಸಿಗುವುದಿಲ್ಲ. ಹೀಗಾಗಿ ಅಳುವುದಷ್ಟೇ ನಮ್ಮ ಚರಿತ್ರೆಯಾಗಿ ಉಳಿಯುತ್ತದೆ. ಸಾಕ್ಷಿಕಟ್ಟೆಯಲ್ಲಿ ನಿಂತು, "ನೀ ಎಲ್ಲಿದ್ದಿ, ಬೆಳಕು ಎಷ್ಟಿತ್ತು, ಹೆಂಗ ಗುರುತು ಹಿಡದಿ" ಎಂಬಂಥ ಪ್ರಶ್ನೆಗಳಿಗೆ ತಲೆಯೆತ್ತಿ ಉತ್ತರ ಹೇಳುವ ಅದೇ ಹೆಂಗಸನ್ನು ಯಾರು ಚಿತ್ರಿಸಿದ್ದಾರೆ?

ಚಿತ್ರಿಸಬೇಕೆಂದು ಕಾನೂನೇ ಹೇಳತೈತಿ. ಪರಿಶಿಷ್ಟರ ಮೇಲಿನ ದೌರ್ಜನ್ಯ ತಡೆ ಕಾಯ್ದೆಗೆ 2015ರಲ್ಲಿ ಆದ ತಿದ್ದುಪಡಿ 2016ರ ಜನವರಿ 26ರಿಂದ ಜಾರಿಯಲ್ಲಿದೆ. 15ಎ ಕಲಮಿನ 10ನೇ ಉಪಕಲಮಿನಂತೆ ಈ ಕಾಯ್ದೆಯ ಅಪರಾಧಗಳಿಗೆ ಸಂಬಂಧಿಸಿದ ಎಲ್ಲ ನಡಾವಳಿಗಳನ್ನೂ ವಿಡಿಯೋ ಮಾಡತಕ್ಕದ್ದು. 'ತಕ್ಕದ್ದು' ಎಂಬ ಮಾತಿಗೆ ಗೆರೆ ಎಳೆದು ಓದಿರಿ. ನಮ್ಮ ವಕೀಲರಲ್ಲಿ ಎಷ್ಟು ಜನ ಎದ್ದುನಿಂತು ಇದನ್ನು ಕೇಳಿದ್ದಾರೆ? ಹಾಗೆ ಮಾಡಿದ ವಿಡಿಯೋ ನಾಳೆ ಯಾವುದೋ ಕಂಪನಿಯ ಸರಕಾಗಬಾರದು. ಯಾರ ಮುಖ ತೋರಿಸಬೇಕು, ಯಾರದು ಬೇಡ ಎಂಬುದನ್ನು ನೊಂದವರೇ ಹೇಳಲಿ.

ಮಾಸ್ತರರೇ, ನಿಮ್ಮೂರಿನ ಕೇಸು ಕೋರ್ಟಿಗೆ ಬಂದಾಗ ನೊಂದವರ ಹೆಸರಿನಲ್ಲಿ ಅರ್ಜಿ ಬರೆದುಕೊಡಿ. 15ಎ(10) ಎಂದು ದಪ್ಪಕ್ಷರದಲ್ಲಿ ಬರೆಯಿರಿ, ಮೊಹರು ಹಾಕಿಸಿಕೊಳ್ಳಿ. ಒಂದು ಪ್ರತಿ ಕೇರಿಯಲ್ಲೇ ಇರಲಿ.