ಬಳ್ಳಾರಿಯಲ್ಲಿ ಓದಿದ ಕೀನ್ಯಾದ ಉಪಾಧ್ಯಕ್ಷ

ಜೂನ್ ತಿಂಗಳು ಬಂತೆಂದರೆ ಹೊಸೂರು, ಮತ್ತಿಗಿರಿ, ಕೃಷ್ಣಗಿರಿಯ ಎಷ್ಟೋ ಮನೆಗಳಲ್ಲಿ ಟ್ರಂಕು ತುಂಬುವ ಗಡಿಬಿಡಿ. ಮಗನೋ ಮಗಳೋ ಬೆಂಗಳೂರಿನ ಬೋರ್ಡಿಂಗಿಗೆ ಹೊರಟಿರುತ್ತಾರೆ. ಅತ್ತಿಬೆಲೆ ದಾಟಿದರೆ ಬೆಂಗಳೂರು ಬಂದೇಬಿಟ್ಟಿತು. ಆದರೂ ಹೆತ್ತ ತಾಯಿಗೆ ಅದು ಏಳು ಸಮುದ್ರದಾಚೆ! ಪ್ರಿಯ ಓದುಗರೇ, ನಿಜವಾಗಿಯೂ ಸಮುದ್ರ ದಾಟಿ ಇದೇ ಬೆಂಗಳೂರಿಗೆ ಓದಲು ಬಂದ ಆಫ್ರಿಕಾದ ಹುಡುಗನೊಬ್ಬನ ಬಗ್ಗೆ ಈ ತಿಂಗಳು ಬರೆಯುತ್ತಿದ್ದೇನೆ.

ಹುಡುಗನ ಹೆಸರು ಜೋಸೆಫ್ ಜುಜಾರ್ತೆ. ಹುಟ್ಟಿದ್ದು 1911ರಲ್ಲಿ, ಕೀನ್ಯಾದ ಎಲ್ಡಾಮಾ ರವೈನ್ ಎಂಬಲ್ಲಿ. ತಂದೆ ಗೋವಾ ಮೂಲದ ವ್ಯಾಪಾರಿ, ತಾಯಿ ಮಸಾಯಿ ಬುಡಕಟ್ಟಿನವರು. ಆಗಿನ ಕೀನ್ಯಾದಲ್ಲಿ ಬಿಳಿಯರಿಗೆ ಒಂದು ಶಾಲೆ, ಭಾರತೀಯರಿಗೆ ಇನ್ನೊಂದು, ಆಫ್ರಿಕನ್ನರಿಗೆ ಮತ್ತೊಂದು. ಎರಡು ರಕ್ತ ಸೇರಿ ಹುಟ್ಟಿದ ಮಗುವಿಗೆ ಯಾವ ಬೆಂಚು? ತಂದೆ ಮಗನನ್ನು ಚಿಕ್ಕಂದಿನಲ್ಲೇ ಭಾರತಕ್ಕೆ ಕಳಿಸಿಬಿಟ್ಟರು. ಮೊದಲು ಬೆಂಗಳೂರಿನ ಗುಡ್ ಶೆಫರ್ಡ್ ಕಾನ್ವೆಂಟ್ ಶಾಲೆ, ಆಮೇಲೆ ಬಳ್ಳಾರಿಯ ಸೇಂಟ್ ಪ್ಯಾಂಕ್ರಾಸ್ ಹುಡುಗರ ಹೈಸ್ಕೂಲು. (ಆಗ ಬಳ್ಳಾರಿಯೂ ನಮ್ಮ ಹೊಸೂರಿನಂತೆ ಮದ್ರಾಸ್ ಪ್ರಾಂತ್ಯಕ್ಕೆ ಸೇರಿತ್ತು. 1953ರಲ್ಲಿ ಅದು ಮೈಸೂರಿಗೆ ಹೋಯಿತು, ನಾವು ಇಲ್ಲೇ ಉಳಿದೆವು.)

ಆ ಬಾಲಕನನ್ನು ನೆನೆದಾಗ ನನಗೆ ಮೊದಲು ಕಾಣುವುದು ಅವನ ತಾಯಿ. ಹಡಗು ಹತ್ತಿ ಹೋದ ಮಗ ತಿರುಗಿ ಬರುವಾಗ ಇಪ್ಪತ್ತು ದಾಟಿದ ಯುವಕ. ಬಾಯಲ್ಲಿ ಇಂಗ್ಲಿಷು, ನಡೆನುಡಿಯಲ್ಲಿ ಕಾನ್ವೆಂಟಿನ ಶಿಸ್ತು. ತಾಯಿಯ ಜನರ ಪಾಲಿಗೆ ಅವನು ಹೊರಗಿನವನಾಗಿಯೇ ಉಳಿಯಬಹುದಿತ್ತು. ಹಾಗಾಗಲಿಲ್ಲ. ಮುಂದೆ ಅವರು ತಂದೆಯ ಜುಜಾರ್ತೆ ಹೆಸರಿನ ಬದಲು ತಾಯಿಯ ಮನೆತನದ ಮುರುಂಬಿ ಎಂಬ ಹೆಸರನ್ನೇ ಇಟ್ಟುಕೊಂಡರು. ಭಾರತೀಯ ಎನಿಸಿಕೊಂಡಿದ್ದರೆ ಆ ದೇಶದಲ್ಲಿ ಒಂದು ಮೆಟ್ಟಿಲು ಮೇಲೆ ನಿಲ್ಲಬಹುದಾಗಿದ್ದ ಕಾಲವದು. ಜೋಸೆಫ್ ಮುರುಂಬಿ ಬೇಕೆಂದೇ ಆ ಮೆಟ್ಟಿಲು ಇಳಿದರು.

ಮುಂದಿನ ಹತ್ತು ವರ್ಷ ಸೊಮಾಲಿಯಾದಲ್ಲಿ ಬ್ರಿಟಿಷ್ ಆಡಳಿತದ ಕೈಕೆಳಗೆ ನೌಕರಿ. ಊರಿಗೆ ಮರಳಿ ಕೀನ್ಯಾ ಆಫ್ರಿಕನ್ ಯೂನಿಯನ್ ಸೇರುವ ಹೊತ್ತಿಗೆ ಸಂಕಷ್ಟ ಶುರುವಾಯಿತು. 1952ರ ಅಕ್ಟೋಬರಿನಲ್ಲಿ ಸರ್ಕಾರ ತುರ್ತು ಪರಿಸ್ಥಿತಿ ಹೇರಿ ಜೋಮೊ ಕೆನ್ಯಾಟಾ ಮತ್ತು ಸಂಗಡಿಗರನ್ನು ಸೆರೆಹಿಡಿಯಿತು. ನಾಯಕರೆಲ್ಲ ಜೈಲಿನಲ್ಲಿ, ಪಕ್ಷದ ಹಂಗಾಮಿ ಕಾರ್ಯದರ್ಶಿಯ ಭಾರ ಮುರುಂಬಿಯವರ ಹೆಗಲಿಗೆ ಬಿತ್ತು. ಕೆನ್ಯಾಟಾ ಪರ ವಕೀಲರನ್ನು ಗೊತ್ತುಮಾಡಲು ಅವರು ಓಡಾಡಿದರು. ಕಪೆಂಗುರಿಯಾದಲ್ಲಿ ನಡೆದ ಆ ಮೊಕದ್ದಮೆಗೆ ನೆಹರೂ ಅವರು ನಮ್ಮ ದೇಶದಿಂದ ದಿವಾನ್ ಚಮನ್ ಲಾಲ್ ಅವರನ್ನು ಕಳಿಸಿದ್ದರು. ಆದರೂ ಶಿಕ್ಷೆ ತಪ್ಪಲಿಲ್ಲ.

1953ರಲ್ಲಿ ದೇಶ ಬಿಟ್ಟ ಮುರುಂಬಿ ಭಾರತಕ್ಕೆ ಬಂದು, ಅಲ್ಲಿಂದ ಲಂಡನ್ ಸೇರಿದರು. ಸುಮಾರು ಒಂಬತ್ತು ವರ್ಷ ಪರದೇಶವಾಸ. ವಸಾಹತುಗಳ ಬಿಡುಗಡೆಗಾಗಿ ಫೆನ್ನರ್ ಬ್ರಾಕ್‌ವೇ ಮೊದಲಾದವರು ನಡೆಸುತ್ತಿದ್ದ ಸಂಘಟನೆಯಲ್ಲಿ ದುಡಿದರು. ಹೊಟ್ಟೆಪಾಡಿಗೆ, ಆಗಷ್ಟೇ ಸ್ವತಂತ್ರವಾಗಿದ್ದ ಮೊರಾಕೊ ದೇಶದ ರಾಯಭಾರ ಕಚೇರಿಯಲ್ಲಿ ಕೆಲಸ ಹಿಡಿದರು. ತಮ್ಮ ದೇಶಕ್ಕಿನ್ನೂ ರಾಯಭಾರ ಕಚೇರಿಯೇ ಇಲ್ಲದಿದ್ದಾಗ ಬೇರೊಂದು ದೇಶದ ಕಚೇರಿಯಲ್ಲಿ ಕುಳಿತು ರಾಜತಂತ್ರದ ಅಕ್ಷರಾಭ್ಯಾಸ! ಅದು ವ್ಯರ್ಥವಾಗಲಿಲ್ಲ. 1962ರಲ್ಲಿ ಮರಳಿ, 1963ರ ಚುನಾವಣೆಯಲ್ಲಿ ನೈರೋಬಿಯಿಂದ ಗೆದ್ದು, ಡಿಸೆಂಬರ್ 12ರಂದು ಕೀನ್ಯಾ ಸ್ವತಂತ್ರವಾದಾಗ ಅವರು ಕೆನ್ಯಾಟಾ ಅವರ ಕಚೇರಿಯಲ್ಲೇ ಸಚಿವರಾಗಿದ್ದರು. ಮರುವರ್ಷ ವಿದೇಶಾಂಗ ಸಚಿವರಾದರು. 1966ರ ಮೇ ತಿಂಗಳಲ್ಲಿ ದೇಶದ ಉಪಾಧ್ಯಕ್ಷರಾದರು.

ಆ ವರ್ಷ ಮುಗಿಯುವುದರೊಳಗೆ ಹುದ್ದೆ ಬಿಟ್ಟು ಮನೆಗೆ ಬಂದರು.

ಯಾಕೆ? ಇದನ್ನು ತಿಳಿಯಲು ಇನ್ನೊಬ್ಬರ ಪರಿಚಯ ಬೇಕು. ಪಿಯೊ ಗಾಮಾ ಪಿಂಟೊ ನೈರೋಬಿಯಲ್ಲಿ ಹುಟ್ಟಿದ ಗೋವಾ ಕಥೋಲಿಕ ಮನೆತನದ ಹುಡುಗ. ಅವರಿಗೂ ನಮ್ಮ ನೆಲದ ನಂಟಿತ್ತು. ಎರಡು ವರ್ಷ ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ವಿಜ್ಞಾನ ಓದಿದ್ದರು. ಕೀನ್ಯಾಕ್ಕೆ ಮರಳಿ ಹೋರಾಟಕ್ಕಿಳಿದು 1954ರಲ್ಲಿ ಬಂಧನಕ್ಕೊಳಗಾಗಿ ವರ್ಷಗಟ್ಟಲೆ ಸೆರೆಯಲ್ಲಿದ್ದರು. ಮುರುಂಬಿಯವರಿಗೆ ಅವರು ಜೀವದ ಗೆಳೆಯ. ಸ್ವಾತಂತ್ರ್ಯ ಬಂದ ಮೇಲೂ ಪಿಂಟೊ ಸುಮ್ಮನಿರಲಿಲ್ಲ. ಬಿಳಿಯರು ಬಿಟ್ಟುಹೋದ ಭೂಮಿ ಬಡವರಿಗೆ ಸೇರಬೇಕೇ ಹೊರತು ಹೊಸ ದೊಡ್ಡವರಿಗಲ್ಲ ಎಂದು ವಾದಿಸಿದರು. 1965ರ ಫೆಬ್ರವರಿ 24ರ ಬೆಳಿಗ್ಗೆ, ತಮ್ಮ ಮನೆಯ ಬಾಗಿಲಲ್ಲೇ, ಪುಟ್ಟ ಮಗಳು ಕಾರಿನಲ್ಲಿ ಕುಳಿತಿದ್ದಾಗಲೇ ಅವರನ್ನು ಗುಂಡಿಟ್ಟು ಕೊಂದರು. ಆಗ ಅವರಿಗೆ 37 ವರ್ಷ.

ಮುರುಂಬಿ ರಾಜೀನಾಮೆಗೆ ಸಾರ್ವಜನಿಕವಾಗಿ ಹೇಳಿದ್ದು ಬೇರೆ ಕಾರಣಗಳು. ಆದರೆ ಗೆಳೆಯನ ಕೊಲೆ ಮತ್ತು ಸುತ್ತಲಿನವರ ಭೂದಾಹ ಅವರ ಮನಸ್ಸನ್ನು ಮುರಿದಿತ್ತೆಂದು ಅವರ ಜೀವನವನ್ನು ಬರೆದವರು ಹೇಳುತ್ತಾರೆ. ಬಾಯಿಬಿಟ್ಟು ಹೇಳಬೇಕಿತ್ತಲ್ಲವೇ ಎಂದು ನನಗೂ ಅನ್ನಿಸಿದೆ. ಆದರೆ ಮಾತಾಡಿದವನ ಗತಿಯನ್ನು ಅವರು ಕಣ್ಣಾರೆ ಕಂಡಿದ್ದರು. ಮುಂದೆ ಅವರು ಒಂದು ಸಿಗರೇಟು ಕಂಪನಿಯ ಅಧ್ಯಕ್ಷರಾದರು. ಈ ಭಾಗ ನನಗೆ ಅಷ್ಟಾಗಿ ರುಚಿಸದು. ಇದ್ದುದನ್ನು ಇದ್ದ ಹಾಗೆ ಬರೆದಿದ್ದೇನೆ.

ಅವರ ಉಳಿದ ಬದುಕೆಲ್ಲ ಆಫ್ರಿಕಾದ ಕಲಾವಸ್ತುಗಳನ್ನೂ ಪುಸ್ತಕಗಳನ್ನೂ ಕೂಡಿಡುವುದರಲ್ಲಿ ಕಳೆಯಿತು. ಹೊರದೇಶದವರು ಕೊಂಡೊಯ್ಯುತ್ತಿದ್ದ ಮುಖವಾಡ, ಬಟ್ಟೆ, ಆಭರಣ, ಅಂಚೆಚೀಟಿ, ಒಂದನ್ನೂ ಬಿಡಲಿಲ್ಲ. ಪತ್ನಿ ಶೀಲಾ ಅವರೂ ಇದರಲ್ಲಿ ಜೊತೆಯಾದರು. ಕೊನೆಗೆ ಸಂಗ್ರಹವನ್ನೂ ನೈರೋಬಿಯ ಮನೆಯನ್ನೂ ಸರ್ಕಾರಕ್ಕೇ ಮಾರಿದರು. ಮನೆ ಅಧ್ಯಯನ ಕೇಂದ್ರವಾಗಿ ಉಳಿಯುತ್ತದೆ ಎಂಬ ಭರವಸೆಯಿತ್ತು. ಭರವಸೆ ಉಳಿಯಲಿಲ್ಲ. ಮನೆಯನ್ನು ಕೆಡವಿದರು, ಅವರು ಪ್ರೀತಿಸಿದ ಮರಗಳನ್ನೂ ಕಡಿದರು. 1990ರ ಜೂನ್ 22ರಂದು ಮುರುಂಬಿ ತೀರಿಕೊಂಡರು.

ಪಿಂಟೊ ಮಲಗಿರುವ ನೈರೋಬಿಯ ಸಿಟಿ ಪಾರ್ಕಿನ ಸಮಾಧಿಯ ಸಮೀಪದಲ್ಲೇ ತಮ್ಮನ್ನೂ ಮಣ್ಣು ಮಾಡಬೇಕೆಂಬುದು ಅವರ ಆಸೆಯಾಗಿತ್ತು. ಹಾಗೆಯೇ ಆಗಿದೆ. ಬಳ್ಳಾರಿಯಲ್ಲಿ ಓದಿದವರೊಬ್ಬರು, ಧಾರವಾಡದಲ್ಲಿ ಓದಿದವರೊಬ್ಬರು, ಇಬ್ಬರೂ ಒಂದೇ ಉದ್ಯಾನದ ಮಗ್ಗುಲಲ್ಲಿದ್ದಾರೆ. ಮನೆ ಹೋದರೂ ಸಂಗ್ರಹ ಉಳಿದಿದೆ. ನಮ್ಮ ಕಡೆಯ ಮಕ್ಕಳು ಯಾರಾದರೂ ಕೆಲಸದ ಮೇಲೆ ನೈರೋಬಿಗೆ ಹೋದರೆ, ಮೋಯಿ ಅವೆನ್ಯೂದಲ್ಲಿರುವ ರಾಷ್ಟ್ರೀಯ ಪತ್ರಾಗಾರದ ಕಟ್ಟಡಕ್ಕೆ ಹೋಗಲಿ. ನೆಲಮಹಡಿಯಲ್ಲೇ ಮುರುಂಬಿ ಗ್ಯಾಲರಿ ಇದೆ.