ಎರಡು ಅಪೂರ್ಣ ಕೃತಿಗಳು

ಒಬ್ಬರು ಅರ್ಧಕ್ಕೆ ಬಿಟ್ಟುಹೋದುದನ್ನು ಮತ್ತೊಬ್ಬರು ಪೂರ್ಣಗೊಳಿಸುವುದು ಕಠಿನವಾದ ಕಾರ್ಯ. ಜಪಾನಿನ ಚಲಚ್ಚಿತ್ರ ಸಂಗೀತಕಾರ ಮಸಾರು ಸಾತೊನ ಬಾಳಿನಲ್ಲಿ ಅಂಥ ಕರ್ತವ್ಯ ಎರಡು ಬಾರಿ ಒದಗಿತು.

ಸಾತೊ 1928ರಲ್ಲಿ ಉತ್ತರದ ಹೊಕ್ಕೈಡೊ ದ್ವೀಪದ ರುಮೊಯಿ ಎಂಬಲ್ಲಿ ಜನಿಸಿದನು. 1950ರಲ್ಲಿ ಅಕಿರಾ ಕುರೊಸಾವಾನ ‘ರಾಶೋಮನ್’ ತೆರೆಗೆ ಬಂದಾಗ ಅದರ ಸಂಗೀತ ಆ ತರುಣನ ಮನಸ್ಸನ್ನು ಸೂರೆಗೊಂಡಿತು. ಅದನ್ನು ರಚಿಸಿದ ಫುಮಿಯೊ ಹಯಸಾಕಾನನ್ನು ಆತ ಗುರುವಾಗಿ ಆರಿಸಿಕೊಂಡನು. ತೆರೆಯ ಮೇಲಣ ಭಾವಕ್ಕೆ ಸಂಗೀತ ತಲೆದೂಗುತ್ತಲೇ ಇರಬೇಕಾಗಿಲ್ಲ, ಎದುರಾಗಿಯೂ ನಿಲ್ಲಬಹುದೆಂಬುದು ಹಯಸಾಕಾನೂ ಕುರೊಸಾವಾನೂ ಕೂಡಿ ಕಂಡುಕೊಂಡ ತತ್ತ್ವ. 1949ರ ‘ಸ್ಟ್ರೇ ಡಾಗ್’ ಚಿತ್ರದಲ್ಲಿ ಪತ್ತೇದಾರನೂ ಕೊಲೆಗಾರನೂ ಸೆಣಸುತ್ತಿರುವಾಗ ಹತ್ತಿರದ ಮನೆಯಿಂದ ಯಾರೋ ಪಿಯಾನೊ ಅಭ್ಯಾಸ ಮಾಡುವ ಸ್ವರ ತೇಲಿ ಬರುತ್ತದೆ. ಆ ಮಾಧುರ್ಯದಿಂದಲೇ ಹೋರಾಟದ ಕ್ರೌರ್ಯ ಇಮ್ಮಡಿಸುತ್ತದೆ.

ಹಯಸಾಕಾ ಕ್ಷಯದಿಂದ ಕೃಶನಾಗಿದ್ದನು. 1954ರ ‘ಸೆವೆನ್ ಸಮುರಾಯ್’ ಸಂಗೀತದ ಕೆಲಸದಲ್ಲಿ ಶಿಷ್ಯನು ನೆರವಿಗೆ ನಿಂತನು. ಮರುವರ್ಷ ಕುರೊಸಾವಾ, ಅಣುಬಾಂಬಿನ ಭೀತಿಯಲ್ಲಿ ಬೇಯುವ ಮುದುಕನೊಬ್ಬನ ಕಥೆಯನ್ನು ಚಿತ್ರಿಸುತ್ತಿದ್ದಾಗ, ಅಕ್ಟೋಬರ್ 15ರಂದು, ಹಯಸಾಕಾ ತೀರಿಕೊಂಡನು. ವಯಸ್ಸು ಕೇವಲ 41. ಆ ಸಂಗೀತವನ್ನು ಮುಗಿಸಿಕೊಟ್ಟವನು ಸಾತೊ.

ಗುರುವಿನ ಸ್ಥಾನವೇನೋ ದೊರೆಯಿತು; ಆದರೆ ಸಾತೊ ಗುರುವಿನ ನೆರಳಾಗಲಿಲ್ಲ. 1961ರ ‘ಯೊಜಿಂಬೊ’ದಲ್ಲಿ ಖಡ್ಗವೀರನ ಕಥೆಗೆ ಹಾರ್ಪ್ಸಿಕಾರ್ಡ್ ಎಂಬ ಹಳೆಯ ಐರೋಪ್ಯ ವಾದ್ಯವನ್ನು ಬೆರೆಸಿ, ವೀರರಸದೊಳಗೆ ಕುಚೇಷ್ಟೆಯ ನಗೆಯನ್ನು ಹೊಮ್ಮಿಸಿದನು. ಗಾಡ್ಜಿಲ್ಲಾ ಎಂಬ ದೈತ್ಯಪ್ರಾಣಿಯ ಚಿತ್ರಗಳಿಗೂ ದೂರದರ್ಶನದ ಐತಿಹಾಸಿಕ ಧಾರಾವಾಹಿಗೂ ಅಷ್ಟೇ ಶ್ರದ್ಧೆಯಿಂದ ಸ್ವರ ಹೊಸೆದನು. ಒಟ್ಟು ಚಿತ್ರಗಳ ಸಂಖ್ಯೆ 300ನ್ನು ಮೀರಿತು.

ಕುರೊಸಾವಾನಿಗೆ ಒಂದು ಅಭ್ಯಾಸವಿತ್ತು. ಪಾಶ್ಚಾತ್ಯ ಮಹಾಸಂಗೀತಗಾರರ ಕೃತಿಯೊಂದನ್ನು ಮನಸ್ಸಿನಲ್ಲಿಟ್ಟುಕೊಂಡು, ಅದರಂತೆಯೇ ಬೇಕೆನ್ನುವುದು. ‘ರಾಶೋಮನ್’ನಲ್ಲಿಯೂ ರವೆಲ್‌ನ ‘ಬೊಲೆರೊ’ದ ಛಾಯೆ ಇದ್ದುದು ಇದರಿಂದಲೇ. ‘ಕಾಗೆಮುಶಾ’ ಸಿದ್ಧವಾಗುತ್ತಿದ್ದಾಗ ಇದೇ ಒತ್ತಾಯ ಸಾತೊನ ಮುಂದೆ ಬಂದಿತು. ಮುಂದೆ, 1980ರಲ್ಲಿ, ಕಾನ್ ಉತ್ಸವದ ಮಹಾಪ್ರಶಸ್ತಿಯಲ್ಲಿ ಪಾಲು ಪಡೆದ ಚಿತ್ರವದು. ಆದರೂ ಅನುಕರಣೆಗೆ ಒಲ್ಲೆನೆಂದು ಆತ ಹೊರನಡೆದನು. ಶಿನಿಚಿರೊ ಇಕೆಬೆ ಆ ಕೆಲಸ ವಹಿಸಿಕೊಂಡನು. ಇಪ್ಪತ್ತೈದು ವರ್ಷಗಳ ನಂಟು ಹೀಗೆ ಕಡಿಯಿತು. ಕುರೊಸಾವಾನ ಮುಂದಿನ ಯಾವ ಚಿತ್ರದಲ್ಲಿಯೂ ಸಾತೊನ ಸಂಗೀತವಿಲ್ಲ.

ಸ್ವಾಭಿಮಾನಕ್ಕೆ ತೆತ್ತ ಬೆಲೆ ಅಲ್ಪವೇ? ಆದರೆ ಕಥೆ ಅಲ್ಲಿಗೇ ಮುಗಿಯಲಿಲ್ಲ. 1998ರ ಸೆಪ್ಟೆಂಬರಿನಲ್ಲಿ ಕುರೊಸಾವಾ ನಿಧನನಾದಾಗ ‘ಆಮೆ ಆಗಾರು’ ಎಂಬ ಚಿತ್ರಕಥೆ ಉಳಿದಿತ್ತು. ಮಳೆ ನಿಂತಿತು ಎಂದು ಅದರ ಅರ್ಥ. ಆತನ ಸಹಾಯಕನಾಗಿದ್ದ ತಕಾಶಿ ಕೊಯಿಜುಮಿ ಅದನ್ನು ತೆರೆಗೆ ತಂದಾಗ ಸಂಗೀತ ರಚಿಸಿದವನು ಸಾತೊ. ಮುನಿಸು ಮುನಿಸಾಗಿ ಉಳಿಯಲಿಲ್ಲ. ಋಣ ಋಣವಾಗಿ ಸಂದಿತು.

ಚಿತ್ರ ಜಪಾನಿನ ಚಿತ್ರಮಂದಿರಗಳಿಗೆ ಬಂದುದು 2000ದ ಜನವರಿಯಲ್ಲಿ. ಅದನ್ನು ಕಾಣಲು ಸಾತೊ ಇರಲಿಲ್ಲ. ಹಿಂದಿನ ಡಿಸೆಂಬರ್ 5ರಂದೇ ಆತನ ಮಳೆಯೂ ನಿಂತಿತ್ತು.