ಬಳ್ಳಾರಿಯದಲ್ಲದ ಜಾಲಿ

ಬಳ್ಳಾರಿ ಜಾಲಿಗೂ ಬಳ್ಳಾರಿಗೂ ಹುಟ್ಟಿನ ಸಂಬಂಧವಿಲ್ಲ. ಅದು ಅಮೆರಿಕ ಖಂಡದ ಮರ. ದಿಲ್ಲಿಯವರಿಗೆ ಅದು ವಿಲಾಯತಿ ಕೀಕರ್, ತಮಿಳರಿಗೆ ಸೀಮೈ ಕರುವೇಲಂ, ತೆಲುಗರಿಗೆ ಸರ್ಕಾರು ತುಮ್ಮ, ಮರಾಠಿಗರಿಗೆ ವೇಡಿ ಬಾಭೂಳ್. ಹೊರಗಿನದು, ಸರ್ಕಾರದ್ದು, ಹುಚ್ಚು ಹಿಡಿದದ್ದು ಎಂದು ಒಂದೊಂದು ಭಾಷೆ ಒಂದೊಂದು ದೂರು ಬರೆದಿಟ್ಟಿದೆ. ಕನ್ನಡವೋ, ಅದಕ್ಕೆ ಜಿಲ್ಲೆಯ ವಿಳಾಸ ಕೊಟ್ಟು ಮನೆಮಗನಾಗಿ ಮಾಡಿಕೊಂಡಿತು.

ಜೋಧಪುರದಲ್ಲಿ ಇದರ ಹೆಸರು ಬಾವ್ಲಿಯಾ, ಅಂದರೆ ಹುಚ್ಚ. ನೆಲ ಹಸಿರಾಗಲಿ ಎಂದು ಅಲ್ಲಿನ ಸಂಸ್ಥಾನವೇ ಬೀಜ ಚೆಲ್ಲಿಸಿತ್ತು. 1940ರಲ್ಲಿ ರಾಜಮನ್ನಣೆಯನ್ನೂ ಕೊಟ್ಟಿತು. ಮೆಹ್ರಾನ್‌ಗಢ ಕೋಟೆಯ ಬುಡದ ಸುಮಾರು 70 ಹೆಕ್ಟೇರ್ ಬಂಡೆನೆಲವನ್ನು ಅದು ನುಂಗಿತ್ತು. 2006ರಲ್ಲಿ, ಮರಗಳ ಬಗ್ಗೆ ಬರೆಯುವ ಪ್ರದೀಪ್ ಕೃಷೆನ್ ಅವರ ನೇತೃತ್ವದಲ್ಲಿ ಅಲ್ಲಿ ಮರುಭೂಮಿಯ ಸ್ವಂತ ಗಿಡಗಳ ಉದ್ಯಾನ ಮಾಡಹೊರಟಾಗ ಮೊದಲ ಕೆಲಸ ನೆಡುವುದಾಗಿರಲಿಲ್ಲ, ಕೀಳುವುದಾಗಿತ್ತು. ಬರೀ ಕಡಿದರೆ ಮತ್ತೆ ಚಿಗುರುತ್ತದೆ. ಬೇರು ಕಲ್ಲಿನ ಸೀಳಿನೊಳಗಿರುತ್ತದೆ. ನೆರವಿಗೆ ಬಂದವರು ಖಂಡ್ವಾಲಿಯಾ ಎಂಬ ಕಲ್ಲುಗಣಿ ಕೆಲಸಗಾರರು. ಬಂಡೆ ತಟ್ಟಿ, ಬರುವ ಸದ್ದಿನಿಂದಲೇ ಒಳಗಿನ ಬಿರುಕು ಗುರುತಿಸಬಲ್ಲವರು. ಅವರು ಬೇರು ಕಿತ್ತ ಕುಳಿಗಳಲ್ಲಿ ಅಲ್ಲಿನದೇ ಸಸಿಗಳನ್ನು ನೆಟ್ಟರು. 2011ರಲ್ಲಿ ರಾವ್ ಜೋಧಾ ಡೆಸರ್ಟ್ ರಾಕ್ ಪಾರ್ಕ್ ಎಂಬ ಹೆಸರಿನಲ್ಲಿ ಅದು ಜನರಿಗೆ ತೆರೆದುಕೊಂಡಿತು.

ಲಾಲ್‌ಬಾಗ್ ನೆನೆದುಕೊಂಡು ಬೇಸಿಗೆಯಲ್ಲಿ ಹೋದವರಿಗೆ ನಿರಾಶೆ ಖಂಡಿತ. ಕಂದು ಕಲ್ಲು, ಮುಳ್ಳು, ಎಲೆಯಿಲ್ಲದ ಕಡ್ಡಿ. ಆದರೆ ಆ ನೆಲದ ಬೇಸಿಗೆ ಇರುವುದೇ ಹಾಗೆ. ಗಿಡ ನೆಡುವ ಕಾರ್ಯಕ್ರಮಗಳು ಎಷ್ಟು ಸಸಿ ಎಂದು ಎಣಿಸುತ್ತವೆ. ಯಾವ ಸಸಿ, ಯಾವ ಮಣ್ಣಿಗೆ ಎಂದು ಕೇಳುವುದು ಕಡಿಮೆ. ಆ ಲೆಕ್ಕದಲ್ಲಿ ಬಾವ್ಲಿಯಾಗೆ ಯಾವತ್ತೂ ಫಸ್ಟ್ ಕ್ಲಾಸ್.

ಬಳ್ಳಾರಿ ಸೀಮೆಗೂ ಇಂಥದೊಂದು ಉದ್ಯಾನ ಬೇಕು. ರಾಜಸ್ಥಾನದ ಖೇಜಡಿಯೇ ಕನ್ನಡಿಗರ ಬನ್ನಿ. ಬಳ್ಳಾರಿ ಜಾಲಿ ಅದರ ಹತ್ತಿರದ ನೆಂಟ, ಆಸ್ತಿಗೆ ಬಂದು ಕೂತ ನೆಂಟ. ದಸರೆಗೆ ಎಲೆ ಹಂಚಿ ಬಂಗಾರ ಎನ್ನುವ ಊರುಗಳಲ್ಲಿ, ಹಬ್ಬ ಮುಗಿದ ಮೇಲೆ ಜಾಲಿಯ ಪೊದೆಗಳ ನಡುವೆ ಬನ್ನಿಯನ್ನು ಗುರುತಿಸುವ ಎಳೆಯರು ಎಷ್ಟು ಮಂದಿ?

ಜಾಲಿಯನ್ನೆಲ್ಲ ಕಿತ್ತುಬಿಡಿ ಎಂದರೆ ಸೌದೆಗೆ, ಇದ್ದಿಲಿಗೆ ಅದನ್ನೇ ನಂಬಿದ ಮನೆಗಳು ಒಪ್ಪುವುದಿಲ್ಲ, ಒಪ್ಪಬೇಕಾಗಿಯೂ ಇಲ್ಲ. ಒಂದೇ ಒಂದು ಗುಡ್ಡ ಸಾಕು. ಬನ್ನಿ, ಕಮರ, ಕಾರೆ, ತಂಗಡಿ, ಪ್ರತಿಯೊಂದಕ್ಕೂ ಕನ್ನಡದಲ್ಲಿ ಹೆಸರುಫಲಕ. ಬೇಲಿಯ ಪಕ್ಕ ಒಂದು ಜಾಲಿಯನ್ನೂ ಉಳಿಸಲಿ, ಅದರ ಫಲಕದಲ್ಲಿ ಹುಟ್ಟೂರನ್ನು ಮಾತ್ರ ಸರಿಯಾಗಿ ಬರೆಯಲಿ.